ನಾಲ್ಕು ಟನ್ ಹೆಚ್ಚು

ಹೆದ್ದಾರಿ ವೇಬ್ರಿಜ್ ಕೊಠಡಿ,
ರಾಜಧಾನಿಯಿಂದ ೩೧೮ನೇ ಕಿಲೋಮೀಟರ್,
ಮಾರ್ಚ್ ೯, ಸೋಮವಾರ ಮಧ್ಯಾಹ್ನ

ಪ್ರೀತಿಯ ಅಣ್ಣನಿಗೆ,

ಸೊಂಟನೋವು ಹೇಗಿದೆ? ಸ್ಟೇರಿಂಗ್ ಬಿಟ್ಟಮೇಲಾದರೂ ಕಡಿಮೆಯಾಗಿರಬೇಕು ಅಂದುಕೊಂಡಿದ್ದೆ. ನೋಡಿದರೆ ನೀನು ಬಂದರಿನಲ್ಲಿ ಮೂಟೆ ಹೊರುತ್ತಿದ್ದೀಯಂತೆ. ವಿಳಾಸ ಕೊಟ್ಟವನು ಟ್ಯಾಂಕರಿನ ಮೀಸೆ ಡ್ರೈವರ್. ಅವನ ಮೇಲೆ ಸಿಟ್ಟಾಗಬೇಡ, ಬೆನ್ನುಬಿದ್ದು ಬಾಯಿಬಿಡಿಸಿದವಳು ನಾನು. ನನ್ನ ಫೋನ್ ನೀನು ಎತ್ತುವುದಿಲ್ಲ, ಅದಕ್ಕೇ ಈ ಕಾಗದ. ಇಲ್ಲಿ ಎಲ್ಲರೂ ಚೆನ್ನಾಗಿದ್ದೇವೆ. ನಿನ್ನ ಮಗಳಿಗೆ ಮುಂದಿನ ಎರಡು ಹಲ್ಲು ಬಿದ್ದಿವೆ. ಶಾಲೆಯಲ್ಲಿ ಹಾಡಲು ನಿಂತರೆ ಹಾಡಿಗಿಂತ ಗಾಳಿಯೇ ಜಾಸ್ತಿ.

ಹೆದ್ದಾರಿ ಇದ್ದ ಹಾಗೇ ಇದೆ. ದಕ್ಷಿಣಕ್ಕೆ ಹೋಗುವವು ನನ್ನ ಕಿಟಕಿಯ ಮುಂದೆ, ರಾಜಧಾನಿಗೆ ಹೋಗುವವು ಆಚೆ ಬದಿಗೆ. ಡ್ರೈವರುಗಳು ಇನ್ನೂ ನನ್ನನ್ನು ತಕ್ಕಡಿಯಕ್ಕ ಅಂತಲೇ ಕರೆಯುತ್ತಾರೆ. ಈಗ 'ಸ್ವಂತ ಅಣ್ಣನನ್ನೇ ಬಿಡದವಳು' ಅಂತಲೂ ಸೇರಿಸುತ್ತಾರೆ. ಹೊಗಳುತ್ತಾರೋ ಬೈಯುತ್ತಾರೋ ಗೊತ್ತಾಗುವುದಿಲ್ಲ.

ಆ ದಿನದ ವಿಷಯ ಬರೆಯುತ್ತೇನೆ. ನಿನ್ನ ಲಾರಿ ತೂಕದ ತಟ್ಟೆಯ ಮೇಲೆ ಬಂದಾಗ ಬೆಳಿಗ್ಗೆ ಹನ್ನೊಂದು. ನೆಲಕ್ಕೆ ಹಾಕುವ ಟೈಲ್ಸ್, ಮಿತಿಗಿಂತ ನಾಲ್ಕು ಟನ್ ಹೆಚ್ಚು. ನೀನು ಕಿಟಕಿಗೆ ಮುಖ ತಂದು "ಲೇ, ನಾನು ಕಣೇ" ಅಂದೆ. ನಾನು ಎಲ್ಲರಿಗೂ ಹೇಳುವ ಹಾಗೆ ಮೈಕಿನಲ್ಲಿ "ಗಾಡಿ ಪಕ್ಕಕ್ಕೆ ಹಾಕಿ, ಹೆಚ್ಚಿನ ಸರಕು ಇಳಿಸಿ" ಅಂದೆ. ಲಾರಿ ನಿಲ್ಲಿಸಿದ್ದಕ್ಕಿಂತ, ಬಹುವಚನದಲ್ಲಿ ಮಾತಾಡಿಸಿದ್ದೇ ನಿನಗೆ ಹೆಚ್ಚು ನೋವಾಯಿತೇನೋ. ಇನ್‌ಸ್ಪೆಕ್ಟರು ನಿನ್ನ ಲೈಸೆನ್ಸ್ ತೆಗೆದಿಟ್ಟುಕೊಂಡರು, ಮೂರು ತಿಂಗಳು ಅಮಾನತು. ಮಾಲೀಕ ಬೇರೆ ಡ್ರೈವರನ್ನು ಕಳಿಸಿ ಲಾರಿ ತರಿಸಿಕೊಂಡ. "ಮನೇಲಿ ಹೇಳಬೇಡ" ಅಂತ ಅಷ್ಟೇ ಹೇಳಿ, ಬ್ಯಾಗು ಹೆಗಲಿಗೇರಿಸಿ ನೀನು ದಕ್ಷಿಣದ ಸಿಮೆಂಟ್ ಲಾರಿ ಹತ್ತಿದೆ. ನಾನು ಎದ್ದು ಹೊರಗೆ ಬರಲಿಲ್ಲ. ತಟ್ಟೆಯ ಮೇಲೆ ಮುಂದಿನ ಗಾಡಿ ನಿಂತಿತ್ತು.

ಯಾಕೆ ಹಾಗೆ ಮಾಡಿದೆ ಅಂತ ನೀನು ಕೇಳಲಿಲ್ಲ. ಕೇಳಿದ್ದರೂ ಅವತ್ತು ಹೇಳುತ್ತಿರಲಿಲ್ಲ. ಅದಕ್ಕೆ ಹದಿನೈದು ದಿನ ಮುಂಚೆ ಇನ್ನೊಂದು ಲಾರಿ ಬಂದಿತ್ತು, ಮೂರು ಟನ್ ಹೆಚ್ಚು. ವಯಸ್ಸಾದ ಡ್ರೈವರ್. "ಇದೊಂದ್ ಸಲ ಬಿಟ್ಬಿಡಮ್ಮ, ಮಗಳ ಹೆರಿಗೆ" ಅಂದರು. ಬಿಟ್ಟೆ. ಹದಿಮೂರು ಕಿಲೋಮೀಟರ್ ಮುಂದೆ, ಇಳಿಜಾರಿನಲ್ಲಿ ಬ್ರೇಕ್ ಹಿಡಿಯಲಿಲ್ಲ. ಒಂದು ಗಂಟೆಯೊಳಗೆ ಕ್ರೇನ್ ನನ್ನ ಕಿಟಕಿಯ ಮುಂದೆಯೇ ಹೋಯಿತು. ಆ ಮನುಷ್ಯ ಉಳಿಯಲಿಲ್ಲ. ರಿಜಿಸ್ಟರಿನಲ್ಲಿ ಅವರ ಗಾಡಿಯ ನಂಬರಿನ ಮುಂದೆ 'ತೂಕ ಸರಿ ಇದೆ' ಅಂತ ನನ್ನ ಅಕ್ಷರದಲ್ಲೇ ಇದೆ. ಯಾರೂ ಕೇಳಲಿಲ್ಲ, ನಾನೂ ಹೇಳಲಿಲ್ಲ. ನಿನಗೇ ಮೊದಲು ಹೇಳುತ್ತಿದ್ದೇನೆ. ನಾಳೆ ಇನ್‌ಸ್ಪೆಕ್ಟರ ಮುಂದೆ ಹೇಳುತ್ತೇನೆ, ಕೆಲಸ ಉಳಿದರೆ ಉಳಿಯಲಿ. ನಿನ್ನ ಲಾರಿಯೂ ಅದೇ ಇಳಿಜಾರು ಇಳಿಯಬೇಕಿತ್ತು.

ನೀನು ಅತ್ತಿಗೆಗೆ ಫೋನ್ ಮಾಡಿ, ಲೋಡ್ ಮೇಲೆ ಲೋಡ್, ಮನೆಗೆ ಬರಲು ಪುರುಸೊತ್ತಿಲ್ಲ ಅನ್ನುತ್ತೀಯ. ಅವರು ಶನಿವಾರ ಶನಿವಾರ ನನಗೆ ಫೋನ್ ಮಾಡಿ "ನಿಮ್ಮಣ್ಣ ದಾಟಿದ್ರಾ?" ಅಂತ ಕೇಳುತ್ತಾರೆ. "ದಾಟಿದ, ಅವಸರದಲ್ಲಿದ್ದ" ಅನ್ನುತ್ತೇನೆ. ಮೊನ್ನೆ "ತೆಳ್ಳಗಾಗಿದ್ದಾರಾ?" ಅಂದರು. ಗಾಡಿ ಬಂತು ಅಂತ ಹೇಳಿ ಫೋನ್ ಇಟ್ಟೆ.

ಹೊತ್ತುಹೊತ್ತಿಗೆ ಊಟ ಮಾಡು, ಭಾರ ಎತ್ತುವಾಗ ಮಂಡಿ ಬಗ್ಗಿಸಿ ಎತ್ತು. ದೊಡ್ಡವನು ನೀನು, ಹರಸುವುದು ನಿನ್ನ ಪಾಲಿಗೆ; ನನ್ನ ಪಾಲಿಗೆ ನಮಸ್ಕಾರ.

ನಿನ್ನ ತಂಗಿ

ಮತ್ತೊಂದು ಮಾತು, ಗಾಡಿಗಳ ಸಾಲು ಬೆಳೆಯುತ್ತಿದೆ, ಬೇಗ ಬರೆಯುತ್ತೇನೆ. ನಿನ್ನ ಅಮಾನತು ಮುಗಿಯಿತು. ಇನ್‌ಸ್ಪೆಕ್ಟರು ಲೈಸೆನ್ಸ್ ನನ್ನ ಕೈಗೆ ಕೊಟ್ಟರು. ನಿನ್ನೆ ಅತ್ತಿಗೆಗೆ ತಲುಪಿಸಿ, ನಿನ್ನ ವಿಷಯ ಎಲ್ಲ ಹೇಳಿಬಿಟ್ಟೆ. ಬೈಯುತ್ತಾರೆ ಅಂತ ಕಾದೆ. "ಬಸ್ ಎಷ್ಟೊತ್ತಿಗೆ?" ಅಂದರು ಅಷ್ಟೇ. ನಾಳೆ ಬೆಳಿಗ್ಗೆ ಮಗಳನ್ನು ಕರೆದುಕೊಂಡು ಹೊರಡುತ್ತಾರೆ, ಸಂಜೆ ಆರಕ್ಕೆ ಅಲ್ಲಿರುತ್ತಾರೆ. ಈ ಕಾಗದ ಈಗ ತೂಕಕ್ಕೆ ನಿಂತಿರುವ ಖಾಲಿ ಮೀನಿನ ಲಾರಿಯಲ್ಲಿ ಬರುತ್ತಿದೆ, ಬೆಳಿಗ್ಗೆಯೇ ನಿನ್ನ ಕೈಸೇರುತ್ತದೆ. ಬೇರೆಲ್ಲಿಗಾದರೂ ಹೊರಟುಹೋಗಲು ನಿನಗೆ ಇಡೀ ಹಗಲು ಕೊಟ್ಟ ಹಾಗಾಯಿತು, ಗೊತ್ತು. ಆದರೂ ಹೇಳದೆ ಕಳಿಸುವುದು ಸರಿ ಕಾಣಲಿಲ್ಲ. ಬಸ್ ಸ್ಟ್ಯಾಂಡಿಗೆ ಬಾ, ಅಣ್ಣ.