ಧೂಮ್ರಾಳ ಈ ವಾರದ ಕಥೆ

ಕಮಲಾಪುರ
ಮಂಗಳವಾರ, ೧೯ ನವೆಂಬರ್ ೧೯೯೬

ಪ್ರೀತಿಯ ಅನಸೂಯಾಗೆ,

ನಿನ್ನ ತುಂಗಾಳ ನೆನಪುಗಳು. ಇಲ್ಲಿ ಕ್ಷೇಮ ಎಂದು ಬರೆಯಲಾರೆ. ನೀನಾದರೂ ಚೆನ್ನಾಗಿದ್ದೀ ಎಂದು ನಂಬಿ ಬರೆಯುತ್ತಿದ್ದೇನೆ.

ಕಂಡಕ್ಟರ್ ಸಲಾವುದ್ದೀನ್ ನಿನ್ನ ಲಕೋಟೆಯನ್ನು ನಿನ್ನೆ ಸಂಜೆ ತಂದುಕೊಟ್ಟ. ‘ಸಪ್ತದುರ್ಗ’ ಧಾರಾವಾಹಿಯ ಭಾನುವಾರದ ಕಂತು ಓದಿದೆ. ನೀನು ಕಲಬುರಗಿಯಲ್ಲಿ ಟಿವಿ ನೋಡಿ, ಆ ಗಡಚು ಹಿಂದಿಯನ್ನು ಕನ್ನಡಕ್ಕಿಳಿಸಿ ಕಳಿಸುವುದು, ನಾನು ಇಲ್ಲಿ ಕೂತು ಭಾಷೆ ತಿದ್ದಿ ಬುಧವಾರದ ಬಸ್ಸಿಗೆ ವಾಪಸ್ ಕೊಡುವುದು, ಶುಕ್ರವಾರ ನಿಮ್ಮ ಪತ್ರಿಕೆಯಲ್ಲಿ ಅದು ‘ಈ ವಾರದ ಕಥೆ’ ಎಂದು ಅಚ್ಚಾಗುವುದು ನಮ್ಮ ರೂಢಿ. ಈ ಸಲ ನಾನು ತಿದ್ದಿಲ್ಲ, ಅನಸೂಯಾ. ಕಂತಿನ ಕೊನೆಯನ್ನೇ ಬದಲಿಸಿ ಬರೆದಿದ್ದೇನೆ. ಅದೇ ಅಚ್ಚಾಗಬೇಕು. ಸಿಟ್ಟು ಮಾಡಿಕೊಳ್ಳುವ ಮೊದಲು ಯಾಕೆ ಎಂಬುದನ್ನು ಓದು.

ನಿನ್ನ ಅಂಕಣ ಇಲ್ಲಿ ಏನಾಗಿದೆ ಎಂಬುದು ನಿನಗೆ ಗೊತ್ತಿಲ್ಲ. ದಸರೆಗೆ ಮುಂಚೆ ನಮ್ಮ ಓಣಿಯ ಕಡೆಯ ಟ್ರಾನ್ಸ್‌ಫಾರ್ಮರ್ ಸುಟ್ಟಿತು. ಅಂದಿನಿಂದ ಮನೆಮನೆಯ ಟಿವಿಗಳು ಹೆಣಿಕೆಯ ಬಟ್ಟೆ ಹೊದ್ದು ಕೂತಿವೆ. ಹೀಗಾಗಿ ಶುಕ್ರವಾರ ಬಸ್ಸಿನಿಂದ ಪತ್ರಿಕೆಯ ಕಟ್ಟು ಇಳಿದ ಕೂಡಲೇ ಅಲ್ಲಾಬಕ್ಷನ ಹೋಟೆಲಿನಲ್ಲಿ ಜನ ಸೇರುತ್ತಾರೆ. ಕಾಶಿರಾಯ ಎಂಬ ಹಿರಿಯರು ಕನ್ನಡಕ ಹಾಕಿಕೊಂಡು ಗಟ್ಟಿಯಾಗಿ ಓದುತ್ತಾರೆ. ಕರೆಂಟ್ ಬಂದರೂ ತಾವು ಓದುವುದು ಬಿಡುವುದಿಲ್ಲವಂತೆ. “ಟಿವಿಯೊಳಗ ಹಿಂದಿಯಾಗ ಏನ್ ಒದರ್ತಾರೋ ಯಾರಿಗೆ ತಿಳೀತದ? ಪೇಪರಿನ್ಯಾಗ ಬಂದದ್ದೇ ಖರೆ” ಎನ್ನುತ್ತಾರೆ. ಅದೇ ಸಂಜೆ ನಾನು ಬಾಡಿಗೆಗಿರುವ ಮನೆಯ ಕಟ್ಟೆಯ ಮೇಲೆ ಹೆಂಗಸರು ಕೂಡುತ್ತಾರೆ, ಅವರಿಗೆ ನಾನು ಓದಿ ಹೇಳುತ್ತೇನೆ. ಎಂ.ಎ. ಕ್ಲಾಸಿನಲ್ಲಿ ಹಾಜರಿ ಹೇಳಲೂ ನಿನ್ನ ಮೊಣಕೈ ತಿವಿತ ಬೇಕಾಗಿದ್ದ ನಾನು ಇಲ್ಲಿ ರಾಜನ ದನಿ ಬೇರೆ, ರಾಕ್ಷಸನ ದನಿ ಬೇರೆ ಮಾಡಿ ಓದುತ್ತಿದ್ದೆ. ಓದುತ್ತಿದ್ದೆ ಎಂದೇ ಬರೆಯಬೇಕು. ಈ ಶುಕ್ರವಾರ ಯಾರೂ ಬರಲಿಕ್ಕಿಲ್ಲ.

ಈ ಮನೆಯ ಯಜಮಾನಿ ದುಂಡಮ್ಮ. ಅರವತ್ತು ದಾಟಿರಬೇಕು. ಗಂಡ ಸತ್ತು ಬಹಳ ವರ್ಷವಾಯಿತು, ಮಕ್ಕಳಿಲ್ಲ, ಬಾಳೆಯ ತೋಟವನ್ನು ಪಾಲಿಗೆ ಕೊಟ್ಟಿದ್ದಾಳೆ. ಆಕೆಯ ಕಣ್ಣು ನಮ್ಮೆಲ್ಲರ ಕಣ್ಣಿನ ಹಾಗಿಲ್ಲ. ಬೂದು ಬಣ್ಣ. ಬೆಳಕು ಬಿದ್ದರೆ ಒಳಗಡೆ ಸ್ವಲ್ಪ ಕೆಂಪು ಕಾಣುತ್ತದೆ.

ನೆನಪಿದೆಯೇ? ಮಾಟಗಾತಿ ಧೂಮ್ರಾ ಕಥೆಯಲ್ಲಿ ಮೊದಲು ಬಂದ ವಾರ ನೀನು ‘ಭಯಂಕರ ಕಣ್ಣುಗಳು’ ಎಂದಷ್ಟೇ ಬರೆದು ಕಳಿಸಿದ್ದೆ. ನಾನು ಧಾರಾವಾಹಿಯನ್ನು ನೋಡಿದವಳಲ್ಲ. ನಿನ್ನ ಎರಡು ಶಬ್ದ ಬಡವಾಗಿ ಕಂಡವು. ಎದುರಿಗೆ ದುಂಡಮ್ಮ ಮೊರದಲ್ಲಿ ಜೋಳ ಆರಿಸುತ್ತ ಕೂತಿದ್ದಳು. ನಾನು ‘ಬೂದಿ ಮುಚ್ಚಿದ ಕೆಂಡದಂಥ ಕಣ್ಣು, ರೆಪ್ಪೆ ಬಡಿಯದ ನೋಟ’ ಎಂದು ಬರೆದೆ. ನೀನು ಹೊಗಳಿ ಪತ್ರ ಹಾಕಿದೆ. ಆ ನಟಿಯ ಕಣ್ಣು ಕಾಡಿಗೆಯಷ್ಟು ಕಪ್ಪು ಎಂದು ಆಮೇಲೆ ತಿಳಿಸಿದೆ. ಇಬ್ಬರೂ ನಕ್ಕೆವು.

ಊರು ಮಾತ್ರ ಓದಿದ ಕೂಡಲೇ ಗುರುತು ಹಿಡಿಯಿತು. ಮೊದಲಿಗೆ ಎಲ್ಲ ತಮಾಷೆಯೇ ಆಗಿತ್ತು. “ದುಂಡವ್ವ, ನಿನ್ನ ಫೋಟೋ ಪೇಪರಿನ್ಯಾಗ ಬಂದಾದ ನೋಡು” ಎಂದು ಹೆಂಗಸರು ಕಾಡಿಸಿದರೆ, “ಫೋಟೋ ಹಾಕ್ಯಾರ, ರೊಕ್ಕ ಯಾಕ ಕಳಿಸಿಲ್ಲ ಕೇಳು” ಎನ್ನುತ್ತಿದ್ದಳು ಆಕೆ. ಓಣಿಯ ಮಕ್ಕಳು ಬಾಗಿಲಿಗೆ ಬಂದು ಧೂಮ್ರಾ, ಧೂಮ್ರಾ ಎಂದು ಕೂಗುವರು. ದುಂಡಮ್ಮ ಸೆರಗನ್ನು ರೆಕ್ಕೆಯಂತೆ ಹರಡಿ, ಕಣ್ಣು ಅಗಲಿಸಿ ಹೊಸ್ತಿಲಿಗೆ ಬರುವಳು. ಮಕ್ಕಳು ಚೀರುತ್ತ ಓಡುವರು, ಮತ್ತೆ ಬರುವರು. ಬಹಳ ದಿನಗಳ ಮೇಲೆ ಆಕೆಯ ಹೊಸ್ತಿಲಿಗೆ ಮಕ್ಕಳು ಬರುತ್ತಿದ್ದರು. ಕಿಸೆಯಂತೆ ಕಟ್ಟಿಕೊಂಡ ಸೆರಗಿನ ತುದಿಯಲ್ಲಿ ಅವರಿಗಾಗಿ ಪುಟಾಣಿ ಕಡಲೆ ಇಟ್ಟುಕೊಂಡಿರುತ್ತಿದ್ದಳು.

ಕಳೆದ ಗುರುವಾರ ಸಂಜೆ ಹೀಗೇ ಆಟ ನಡೆದಿತ್ತು. ಆಚೆ ಮನೆಯ ಚಂದ್ರಶಾನ ಮಗಳು ಶೇವಂತಾ ಓಡುತ್ತ ತಿರುವಿನಲ್ಲಿ ಬಿದ್ದಳು. ಎಡವಿದಳೆಂದು ಎಲ್ಲರೂ ನಕ್ಕರು. ಹತ್ತಿರ ಹೋದರೆ ಬಾಯಲ್ಲಿ ನೊರೆ, ಕೈಕಾಲು ಸೆಟೆದು ಅದುರುತ್ತಿವೆ. ಜೀಪಿನಲ್ಲಿ ಹಾಕಿಕೊಂಡು ಕಲಬುರಗಿ ಆಸ್ಪತ್ರೆಗೆ ಒಯ್ದರು. ಇದು ಫಿಟ್ಸು, ಗುಳಿಗೆ ಬಹಳ ದಿನ ನುಂಗಬೇಕು, ಬಿಡಬಾರದು ಎಂದು ಹೇಳಿ ಡಾಕ್ಟರು ಶನಿವಾರ ಕಳಿಸಿಕೊಟ್ಟರು. ಮನೆಗೆ ಬಂದ ಮೇಲೆ, ಇದು ಗುಳಿಗೆಗೆ ಹೋಗುವಂಥದಲ್ಲ ಎಂದು ಮನೆಯವರು ಅದನ್ನು ಬಿಡಿಸಿದರು. ಭಾನುವಾರ ಮತ್ತೆ ಬಂತು.

ಈ ನಡುವೆ ಶುಕ್ರವಾರ ಪತ್ರಿಕೆ ಬಂದಿತ್ತು. ಅದರಲ್ಲಿ ಏನಿತ್ತು ನಿನಗೆ ಗೊತ್ತು: ‘ಧೂಮ್ರಾಳ ನೋಟ ತಾಗಿದ್ದೇ ರಾಜಕುಮಾರಿ ಮೂರ್ಛೆ ಹೋದಳು.’ ಶೇವಂತಾ ಬೀಳುವುದಕ್ಕೆ ಮೊದಲೇ, ಬುಧವಾರವೇ, ನಾನು ಆ ಹಾಳೆಯನ್ನು ಬಸ್ಸಿಗೆ ಕೊಟ್ಟಿದ್ದೆ. ಯಾವುದು ಮೊದಲು, ಯಾವುದು ಆಮೇಲೆ ಎಂದು ಇಲ್ಲಿ ಯಾರೂ ಕೇಳಲಿಲ್ಲ.

ಆ ಸಂಜೆ ಕಟ್ಟೆಯ ಮೇಲೆ ಓದುವಾಗ ಆ ಸಾಲು ಬರುತ್ತಿರುವುದು ಕಂಡಿತು. ಬಾಗಿಲ ಸಂದಿಯಲ್ಲಿ ದುಂಡಮ್ಮ ನಿಂತು ಕೇಳುತ್ತಿದ್ದಳು. ನನಗೇ ತಿಳಿಯದೆ ಬಾಯಿ ಬೇರೆ ಹೇಳಿತು. ಕಾಡುಹೂವಿನ ವಾಸನೆಗೆ ರಾಜಕುಮಾರಿ ಮೂರ್ಛೆ ಹೋದಳು ಎಂದೆ. ಮರುದಿನ ನೀರಿನ ನಳದ ಹತ್ತಿರ ಕಾಶಿರಾಯರ ಹೆಂಡತಿ ರೇವಮ್ಮ ಸಿಕ್ಕರು. ಇಲ್ಲಿನ ಶಾಲೆಗೆ ಟೀಚರಾಗಿ ಬಂದ ಮೇಲೆ ನಾನು ಎಲ್ಲರಿಗೂ ಬಾಯಾರು. “ಬಾಯಾರ, ನೀವು ಹೂವು ಅಂತ ಓದಿದ್ರಿ. ನಮ್ಮನಿಯವರು ಕಣ್ಣು ಅಂತಾರ. ಪೇಪರ್ ಒಂದೇ ಅಲ್ಲೇನ್ರೀ?” ನಾನು ತಲೆ ತಗ್ಗಿಸಿ ಕೊಡದಲ್ಲಿ ನೀರು ತುಂಬುವುದನ್ನು ನೋಡುತ್ತ ನಿಂತೆ. ಹೊರಟಾಗ ಹಿಂದಿನಿಂದ ಯಾರೋ ಪಿಸುಗುಟ್ಟಿದ್ದು ಕೇಳಿಸಿತು: “ಬಾಯಾರಿಗೂ ಮಾಡ್ಯಾಳ.”

ಏನು ಮಾಡಿದ್ದಾಳೆ ಎಂದು ಬಾಯಿಬಿಟ್ಟು ಹೇಳಲಿಲ್ಲ. ಹೇಳುವುದು ಬೇಕಿಲ್ಲ. ಭಾನಾಮತಿ ಎಂಬ ಶಬ್ದಕ್ಕೆ ನಮ್ಮ ಕಡೆ ದನಿ ತಾನಾಗಿ ಇಳಿಯುತ್ತದೆ. ಭಾನುವಾರ ಚಂದ್ರಶಾನ ಮನೆಯ ತಗಡಿನ ಚಾವಣಿಯ ಮೇಲೆ ಕಲ್ಲು ಬಿದ್ದವಂತೆ, ಅದೂ ಆಕೆಯದೇ ಕೆಲಸವಂತೆ. ಮಂಗ ಇರಬಹುದು ಎಂದೆ. “ಮಂಗ ಕಾಣಬೇಕಲ್ರೀ” ಎಂದರು.

ನಿನ್ನೆ ಶಾಲೆಯಿಂದ ಬರುವಾಗ ಬಸ್ಸಿಗಾಗಿ, ಅಂದರೆ ನಿನ್ನ ಲಕೋಟೆಗಾಗಿ, ಅಲ್ಲಾಬಕ್ಷನ ಹೋಟೆಲಿನ ಪಕ್ಕದ ಗೋಡೆಗೆ ನಿಂತಿದ್ದೆ. ನಾನಿರುವುದು ಒಳಗಿನವರಿಗೆ ಕಾಣದು. ಗಡ್ಡ ಬಿಟ್ಟ ಚಂದ್ರಶಾ ಬೆಂಚಿನ ತುದಿಗೆ ಕೂತಿದ್ದ. ಮಾಟಗಾತಿಯ ಹಲ್ಲು ಉದುರಿಸಿದರೆ ಮಂತ್ರ ಬಾಯಲ್ಲಿ ನಿಲ್ಲುವುದಿಲ್ಲ ಎಂದು ಒಬ್ಬ ಹೇಳುತ್ತಿದ್ದ. ಹೊಲದ ಬದುವಿನ ಮಾತಾಡುವ ಹಾಗೆ ಹೇಳುತ್ತಿದ್ದ. ಕಾಶಿರಾಯರು ಅವನನ್ನು ತಡೆದರು.

“ಅವಸರ ಮಾಡಬ್ಯಾಡ್ರಿ. ಶುಕ್ರವಾರ ಪೇಪರ್ ಬರ್ಲಿ. ಧೂಮ್ರಾಗ ಏನ್ ಮಾಡ್ಯಾರ, ಆ ರಾಜಕುಮಾರಿ ಹ್ಯಾಂಗ ಎದ್ದಾಳ, ನೋಡಮ್.”

“ಹಿಂದಿಯಾಗ ಮಾಡಿದ ಇಲಾಜು ಕನ್ನಡದಾಗ ನಾಟ್ತದೇನ್ರೀ ಕಾಕಾ?” ಎಂದು ಒಬ್ಬ ಚೇಷ್ಟೆ ಮಾಡಿದ. ಎಲ್ಲರೂ ನಕ್ಕರು. ನನಗೂ ಅರೆಗಳಿಗೆ ನಗು ಬಂತು. ಚಂದ್ರಶಾ ನಗಲಿಲ್ಲ. “ನಾಟ್ತದೋ ಇಲ್ಲೋ ನಾ ನೋಡ್ತೀನಿ” ಎಂದ. ನಗು ನಿಂತಿತು. ಅಲ್ಲಾಬಕ್ಷ ರೇಡಿಯೋ ಬಂದ್ ಮಾಡಿ, “ಏಳ್ರಪ್ಪ, ಮನಿಗಿ ನಡೀರಿ, ಇದು ಪಂಚಾಯಿತಿ ಕಟ್ಟಿ ಅಲ್ಲ” ಎಂದು ಬೆಂಚು ಎತ್ತತೊಡಗಿದ.

ಆಮೇಲೆ ಬಸ್ಸು ಬಂತು. ನಿನ್ನ ಲಕೋಟೆಯನ್ನು ಅಲ್ಲೇ ಒಡೆದೆ. ಏಳು ಕೋಟೆಯ ಜನ ಧೂಮ್ರಾಳನ್ನು ಚೌಕಕ್ಕೆ ಎಳೆದು ತಂದು ನಾಲಗೆ ಕತ್ತರಿಸುತ್ತಾರೆ. ನಾಲಗೆ ನೆಲಕ್ಕೆ ಬಿದ್ದ ಗಳಿಗೆಗೇ ರಾಜಕುಮಾರಿ ಕಣ್ಣು ತೆರೆಯುತ್ತಾಳೆ. ಇದನ್ನು ನೀನು ಎಷ್ಟು ಚೆನ್ನಾಗಿ ಬರೆದಿದ್ದೀ ಎಂದರೆ, ತಿದ್ದಲು ಒಂದು ಅಕ್ಷರ ಸಿಗಲಿಲ್ಲ. ಕಾಶಿರಾಯರು ಇದನ್ನು ಗಟ್ಟಿಯಾಗಿ ಓದುವುದು, ಬೆಂಚಿನ ತುದಿಯಿಂದ ಚಂದ್ರಶಾ ಎದ್ದು ನಿಲ್ಲುವುದು, ಅವನ ಹಿಂದೆ ಉಳಿದವರು ಏಳುವುದು, ಎಲ್ಲ ಕಣ್ಣಿಗೆ ಕಟ್ಟಿತು. ಹೋಟೆಲಿನಿಂದ ನಮ್ಮ ಮನೆಗೆ ಒಂದೇ ತಿರುವು.

ಬೇರೆ ದಾರಿ ಹುಡುಕದೆ ನಿನಗೆ ಬರೆಯುತ್ತಿಲ್ಲ. ಇವತ್ತು ಹೆಡ್‌ಮಾಸ್ತರರಿಗೆ ಹೇಳಿದೆ. “ನೀವು ಟೆಂಪರರಿ ಇದ್ದೀರಿ, ಪರ ಊರವರು, ಯಾಕ ಬೇಕ್ರೀ ಬಾಯಾರ” ಎಂದರು. ಪೊಲೀಸರ ಬಳಿ ಹೋಗಲು ಮೊದಲು ಧೈರ್ಯವಾಗಲಿಲ್ಲ. ಮಧ್ಯಾಹ್ನ ಹೋದೆ. ಏನಾದರೂ ಆದ ಮೇಲೆ ಬನ್ನಿ ಎಂದರು. ಚಂದ್ರಶಾನ ಮನೆ ಬಾಗಿಲಿಗೂ ಹೋದೆ, ಗುಳಿಗೆ ನಿಲ್ಲಿಸಬೇಡಿ ಎಂದು ಹೇಳಲು. ಅವನ ಹೆಂಡತಿ ನನ್ನನ್ನು ನೋಡಿ ಮಗುವಿನ ಮುಖಕ್ಕೆ ಸೆರಗು ಮುಚ್ಚಿದಳು. ನನ್ನ ನೋಟವೂ ತಾಗೀತೆಂದು.

ಕಲಬುರಗಿಗೆ ನನ್ನ ಜೊತೆ ಬಂದುಬಿಡು ಎಂದು ದುಂಡಮ್ಮನಿಗೆ ಹೇಳಿದೆ. “ಹೋದ್ರ ಏನಂತಾರ ಹೇಳು ತಂಗಿ? ಮಾಡಿದಾಕಿ ಓಡಿ ಹೋದಳು ಅಂತಾರ. ಆ ಕೂಸಿಗಿ ಏನರ ಆತಂದ್ರ ಅದೂ ನನ್ನ ತಲಿ ಮ್ಯಾಲೆ. ನಾ ಎಲ್ಲೂ ಬರಂಗಿಲ್ಲ.” 

ಹಾಗಾಗಿ ಕೂತು ಕೊನೆಯನ್ನು ಬದಲಿಸಿದೆ. ನಾನು ಮೊದಲು ಬರೆದದ್ದು ಹೀಗಿತ್ತು: ಧೂಮ್ರಾ ನಿರಪರಾಧಿ ಎಂದು ಗೊತ್ತಾಗುತ್ತದೆ, ರಾಜ ಸಿಂಹಾಸನದಿಂದ ಇಳಿದು ಆಕೆಯ ಕ್ಷಮೆ ಕೇಳುತ್ತಾನೆ, ಪ್ರಜೆಗಳು ಕಣ್ಣೀರಿಡುತ್ತಾರೆ. ಬರೆದು ಮುಗಿಸಿ ಸಮಾಧಾನವಾಗಿತ್ತು. ಏನು ಬರೆದೆ, ನನಗೂ ಓದು ಎಂದು ದುಂಡಮ್ಮ ಕೇಳಿದಳು. ಓದಿದೆ. ಲಾಟೀನಿನ ಬತ್ತಿ ಸರಿಮಾಡುತ್ತ ಕೇಳಿದಳು.

“ರಾಜಾ ಮಾಫಿ ಕೇಳ್ತಾನ? ಇದನ್ನ ಯಾರ್ ನಂಬ್ತಾರಬೇ? ಆ ಕಾಶಿರಾಯ ಕನ್ನಡಕ ತೆಗೆದು ಒರಸಿ ಮತ್ತ ಓದ್ತಾನ.”

ಮತ್ತೆ ಏನು ಬರೆಯಲಿ ಎಂದೆ. ಲಾಟೀನು ಬದಿಗಿಟ್ಟು ಹೇಳಿದಳು.

“ಮೊದಲ ಆ ಹುಡುಗಿ ಎದ್ದು ಕೂಡ್ಲಿ. ಧೂಮ್ರಾ ತನ್ನ ಮನ್ಯಾಗೇ ಇರ್ಲಿ. ಯಾರೂ ಆಕಿನ್ನ ಮುಟ್ಟಿಲ್ಲ, ಬೈದಿಲ್ಲ. ಆದ್ರೂ ಹುಡುಗಿ ಎದ್ದಳು. ದಿನಾ ಔಷಧ ಕೊಟ್ರು, ಎದ್ದಳು. ಜ್ವರ ಬಂದವರು ಏಳಂಗಿಲ್ಲೇನು, ಹಂಗ. ಇದನ್ನ ಎಲ್ಲರೂ ನೋಡ್ಯಾರ, ನಂಬ್ತಾರ. ಧೂಮ್ರಾ ಕೆಟ್ಟಾಕಿ ಇದ್ರ ಇರ್ಲಿ ಬಿಡು.”

ಅದನ್ನೇ ಬರೆದಿದ್ದೇನೆ. ಆಸ್ಥಾನದ ವೈದ್ಯ ಕೊಟ್ಟ ಗುಳಿಗೆಯನ್ನು ರಾಣಿ ದಿನವೂ ತಪ್ಪದೆ ನುಂಗಿಸುತ್ತಾಳೆ. ಜನ ದೊಣ್ಣೆ ಹಿಡಿದು ಧೂಮ್ರಾಳ ಗುಹೆಗೆ ಹೊರಡುವ ಮುಂಚೆಯೇ ರಾಜಕುಮಾರಿ ಎದ್ದು ಕೂತು ಗಂಜಿ ಕೇಳುತ್ತಾಳೆ. ದೊಣ್ಣೆಗಳು ಗೋಡೆಗೆ ಒರಗುತ್ತವೆ. ಇಷ್ಟೇ. ರಸವಿಲ್ಲ ಎಂದು ನಿಮ್ಮ ಸಂಪಾದಕರು ಗೊಣಗಬಹುದು. ಯಾರಾದರೂ ಟಿವಿ ನೋಡಿದವರು ಪತ್ರ ಬರೆದು ನಿನ್ನ ಕೆಲಸಕ್ಕೇ ಸಂಚಕಾರ ಬರಬಹುದು. ಅದೆಲ್ಲ ಗೊತ್ತಿದ್ದೇ ಕೇಳುತ್ತಿದ್ದೇನೆ. ಕಲಬುರಗಿಯಲ್ಲಿ ಕಂತು ನೋಡಿದವನೊಬ್ಬ ಶುಕ್ರವಾರಕ್ಕೆ ಮೊದಲೇ ಇಲ್ಲಿ ಬಸ್ಸಿಳಿದರೆ ಏನು ಗತಿ ಎಂಬ ಭಯವೂ ಇದೆ. ಪೇಪರಿನಲ್ಲಿ ಬಂದದ್ದೇ ಖರೆ ಎನ್ನುವ ಕಾಶಿರಾಯರ ಹಟ ಒಂದೇ ನನ್ನ ಧೈರ್ಯ.

ಮುಂದಿನ ಭಾನುವಾರ ನಾಲಗೆಯಿಲ್ಲದ ಧೂಮ್ರಾ ಟಿವಿಯಲ್ಲಿ ಏನು ಮಾಡುತ್ತಾಳೋ ಗೊತ್ತಿಲ್ಲ. ನಮ್ಮ ಪತ್ರಿಕೆಯಲ್ಲಿ ಆಕೆ ಮಾತಾಡುತ್ತಲೇ ಇರಬೇಕು. ಅವರದೊಂದು ಕಥೆ, ನಮ್ಮದೊಂದು ಕಥೆ. ಶೇವಂತಾ ಗುಳಿಗೆ ನುಂಗಿ ಚೇತರಿಸಿಕೊಳ್ಳುವವರೆಗಾದರೂ ಇಬ್ಬರೂ ಕೂಡಿ ನಡೆಸೋಣ. ನೀನು ಆಗದು ಎಂದರೆ ಅಂಕಣವನ್ನೇ ಈ ವಾರ ಬಿಟ್ಟುಬಿಡು. ನಾಲಗೆಯ ಸಾಲು ಮಾತ್ರ ಈ ಊರಿಗೆ ಬರಕೂಡದು.

ದುಂಡಮ್ಮನಿಂದ ಯಾವ ಕೆಡುಕೂ ಆಗಿಲ್ಲ ಎಂದು ನಾನು ಯಾರ ಎದುರಿಗೆ ಬೇಕಾದರೂ ಹೇಳಬಲ್ಲೆ. ಅದರಲ್ಲಿ ನನಗೆ ಸಂಶಯವಿಲ್ಲ.

ನಿನ್ನನ್ನೇ ನಂಬಿರುವ,
ತುಂಗಾ

ತಾ.ಕ. — ಬುಧವಾರ ಬೆಳಿಗ್ಗೆ. ಬಸ್ಸು ಇನ್ನೂ ಬಂದಿಲ್ಲ. ಮೇಲೆ ‘ಸಂಶಯವಿಲ್ಲ’ ಎಂದ ಕೊನೆಯ ಸಾಲನ್ನು ಹೊಡೆದುಹಾಕಬೇಕೆಂದು ಲಕೋಟೆ ಬಿಚ್ಚಿದೆ. ಹೊಡೆಯಲಿಲ್ಲ, ಕೆಳಗೆ ಇದನ್ನು ಸೇರಿಸುತ್ತಿದ್ದೇನೆ. ಶೇವಂತಾ ಬಿದ್ದ ಮರುದಿನದಿಂದ, ದುಂಡಮ್ಮ ಬೆಳಿಗ್ಗೆ ನನಗೆ ಮಾಡಿಕೊಡುವ ಚಹಾವನ್ನು ನಾನು ಬಚ್ಚಲಿಗೆ ಸುರಿಯುತ್ತಿದ್ದೆ. ಸಕ್ಕರೆ ಹೆಚ್ಚಾಗಿದೆ ಎಂದು ನನಗೆ ನಾನೇ ಹೇಳಿಕೊಳ್ಳುತ್ತಿದ್ದೆ. ಇವತ್ತು ಆಕೆ ಒಂದೇ ಕಪ್ಪು ಮಾಡಿದಳು. ನಾನು ನೋಡುತ್ತ ನಿಂತದ್ದು ಕಂಡು, “ನೀ ಕುಡಿಯಂಗಿಲ್ಲಲ್ಲ ತಂಗಿ, ಸುಮ್ಮ ಹಾಲು ಯಾಕ ಹಾಳು ಮಾಡೂದು” ಎಂದಳು. ಸಿಟ್ಟಿನಿಂದ ಹೇಳಲಿಲ್ಲ. ನನಗೂ ಬೇಕು ಎನ್ನಬೇಕೆಂದು ಬಾಯಿ ತೆರೆದೆ. ಆಕೆ ಮುಖವೆತ್ತಿ ನೋಡಿದಳು. ನಾನು ಆ ಕಣ್ಣುಗಳನ್ನು ನೋಡಲಾರದೆ ಬಸ್‌ಸ್ಟ್ಯಾಂಡಿಗೆ ಬಂದುಬಿಟ್ಟೆ.