ಪಟ್ಟಿಯಲ್ಲಿ ಹೆಂಡತಿ ಇಲ್ಲ

ಅಬರ್ಡೀನ್
ಮಂಗಳವಾರ, 14 ಮಾರ್ಚ್ 1893

ಪ್ರೀತಿಯ ತಂಗಿ ಗ್ರಿಜೆಲ್‌ಗೆ,

ನಿನ್ನ ಭಾವ ಹೋದ ಸುದ್ದಿ ತಿಳಿದು ನೀನು ಬರೆದ ಕಾಗದ ಫೆಬ್ರವರಿ ಮೊದಲ ವಾರವೇ ಕೈಸೇರಿತು. ಇಷ್ಟು ದಿನ ಉತ್ತರ ಬರೆಯದೆ ಕೂತದ್ದಕ್ಕೆ ಬೈಯಬೇಡ. ಬೈದರೂ ಆ ಬೈಗುಳ ನಿನ್ನ ಡನೀಡಿನ್‌ನಿಂದ ಹಡಗು ಹತ್ತಿ ಇಲ್ಲಿಗೆ ಬರುವಷ್ಟರಲ್ಲಿ ಜೂನ್ ಆಗಿರುತ್ತದೆ, ನಾನು ಮರೆತೂ ಇರುತ್ತೇನೆ. ನಿನ್ನ ಮಂಡಿನೋವು ಹೇಗಿದೆ? ಕುರಿಗಳ ಉಣ್ಣೆ ಕತ್ತರಿಸುವ ಕೆಲಸಕ್ಕೆ ನೀನೇ ನಿಲ್ಲಬೇಡ. ಮೂವರು ಗಂಡುಮಕ್ಕಳನ್ನು ಹೆತ್ತಿದ್ದು ಯಾತಕ್ಕೆ?

ಅಕ್ಕ ಅತ್ತು ಅತ್ತು ಸೊರಗಿರಬೇಕು ಎಂದು ಬರೆದಿದ್ದೀಯ. ಅಳುವುದಕ್ಕೆ ಪುರಸೊತ್ತು ಎಲ್ಲಿದೆ? ಸಾಮಾನ್ಯ ಮನುಷ್ಯ ಸತ್ತರೆ ಹೆಂಡತಿ ಬಾಗಿಲು ಹಾಕಿಕೊಂಡು ಅಳಬಹುದು. ವಿಜ್ಞಾನಿ ಸತ್ತರೆ ಬಾಗಿಲು ಹಾಕುವುದಕ್ಕೇ ಆಗುವುದಿಲ್ಲ. ಪರ್ವಿಸ್ ಎಂಬ ಶಿಷ್ಯನೊಬ್ಬ ನಿನ್ನ ಭಾವನ ಜೀವನಚರಿತ್ರೆಯನ್ನು ಎರಡು ಸಂಪುಟಗಳಲ್ಲಿ ಬರೆಯುತ್ತೇನೆಂದು ಹೊರಟಿದ್ದಾನೆ. ಡಿಸೆಂಬರಿನಿಂದ ಊಟದ ಮನೆಯಲ್ಲೇ ಬೀಡುಬಿಟ್ಟು, ಕಾಗದಪತ್ರ, ದಿನಚರಿ, ಕೊನೆಗೆ ಹರಿದ ರಸೀದಿಗಳನ್ನೂ ಪೆಟ್ಟಿಗೆ ತುಂಬಿಸಿಕೊಂಡು ಹೋದ. ನನ್ನ ಕಡೆಯಿಂದ ಅವನಿಗೆ ಬೇಕಾದದ್ದು ಓಟ್ಸ್ ರೊಟ್ಟಿ ಮತ್ತು ಚಹಾ ಅಷ್ಟೇ. ಒಮ್ಮೆ ಮಾತ್ರ ಒಂದು ಪ್ರಶ್ನೆ ಕೇಳಿದ. "ಪ್ರೊಫೆಸರ್ ಕಿನಿಯರ್ ಅವ್ರಿಗೆ ಯಾವ ಪಲ್ಯ ಇಷ್ಟ ಇತ್ತು, ಮಿಸೆಸ್ ಕಿನಿಯರ್?" ಸಂಪುಟಕ್ಕೆ ಅದೂ ಬೇಕಂತೆ. ಟರ್ನಿಪ್ ಎಂದೆ. ಅವರಿಗೆ ಟರ್ನಿಪ್ ಕಂಡರೆ ಆಗುತ್ತಿರಲಿಲ್ಲ.

ಈಗ ನಡೆದಿರುವ ರಗಳೆಯನ್ನು ಹೇಳುತ್ತೇನೆ. ಅದಕ್ಕೆ ಮೊದಲು ನಿನಗೆ ಇಷ್ಟು ವರ್ಷ ಮುಚ್ಚಿಟ್ಟ ಒಂದು ವಿಷಯ ಹೇಳಬೇಕು.

ಟೇ ನದಿಯ ಸೇತುವೆ ರೈಲಿನ ಸಮೇತ ಬಿದ್ದದ್ದು ಒಂದು ಭಾನುವಾರ, ನಿನಗೆ ನೆನಪಿರಬಹುದು. ವಿಶ್ರಾಂತಿಗೆಂದು ಮೀಸಲಾದ ಸಬ್ಬತ್ ದಿನ ರೈಲು ಓಡಿಸಿದ್ದಕ್ಕೆ ದೇವರು ಕೊಟ್ಟ ಶಿಕ್ಷೆ ಎಂದು ಎಷ್ಟೋ ಪಾದ್ರಿಗಳು ಬೋಧಿಸಿದರು. ನಿನ್ನ ಭಾವ ಚರ್ಚಿನ ಸಭೆಯ ಹಿರಿಯರಲ್ಲೊಬ್ಬರು, ಎದುರು ಮಾತಾಡಲಿಲ್ಲ. ಆದರೆ ಮನೆಗೆ ಬಂದು, "ದೇವರ ಕೋಪ ಇರ್ಬೋದು ಮಾರ್ಜರಿ, ಕಬ್ಬಿಣಕ್ಕೆ ದಣಿವೂ ಆಗಿರ್ಬೋದು" ಎಂದರು. ಫೆಬ್ರವರಿಯಲ್ಲಿ ನಮ್ಮ ನೆಲಮಾಳಿಗೆಯ ತೊಲೆಗೆ ಕಬ್ಬಿಣದ ತಂತಿಯೊಂದನ್ನು ಕಟ್ಟಿ, ಅದರ ತುದಿಗೆ ಕುರಿಮರಿಯಷ್ಟು ಭಾರದ ಸೀಸದ ಗುಂಡು ನೇತುಹಾಕಿದರು. ಭಾರ ಹೊತ್ತ ತಂತಿ ದಿನಕ್ಕೆ ಎಷ್ಟು ಉದ್ದವಾಗುತ್ತದೆ ಎಂದು ಪುಟ್ಟ ದೂರದರ್ಶಕದಲ್ಲಿ ನೋಡಿ ಬರೆಯುವುದು. ಒಂದು ದಿನವೂ ತಪ್ಪಬಾರದು, ಗಂಟೆಯೂ ಬದಲಾಗಬಾರದು. ಅವರು ತಂತಿ ಕಟ್ಟಿದ್ದು ಒಂದು ಗುರುವಾರ ಬೆಳಿಗ್ಗೆ ಹನ್ನೊಂದೂವರೆಗೆ. ಹಾಗಾಗಿ ಇನ್ನು ಎಂದೆಂದಿಗೂ ಹನ್ನೊಂದೂವರೆಯೇ. ಮಧ್ಯಾಹ್ನ ಎರಡಕ್ಕೆ ಕಟ್ಟಿದ್ದರೆ ಅವರ ಗಂಟೇನು ಹೋಗುತ್ತಿತ್ತು?

ಶನಿವಾರ ಸಂಜೆ ಚಹಾ ಕುಡಿಯುವಾಗ ಅವರಿಗೆ ಜ್ಞಾನೋದಯವಾಯಿತು: ನಾಳೆ ಭಾನುವಾರ, ಹನ್ನೊಂದೂವರೆಗೆ ಚರ್ಚಿನಲ್ಲಿ ಪ್ರಸಂಗದ ಹೊತ್ತು. ಅದಲ್ಲದೆ ಸಬ್ಬತ್ ದಿನ ಕೆಲಸ ಮಾಡುವಂತಿಲ್ಲ. ಬೈಬಲ್ ತೆಗೆದು ನಾಲ್ಕನೆಯ ಆಜ್ಞೆಯ ಮೇಲೆ ಬೆರಳಿಟ್ಟರು.

"ಇಲ್ಲಿ ನೋಡು. ಕೆಲ್ಸ ಮಾಡ್ಬಾರ್ದು ಅಂತ ಯಾರ್‍ಯಾರಿಗೆ ಹೇಳಿದೆ? ನನಗೆ, ಮಗನಿಗೆ, ಮಗಳಿಗೆ, ಆಳಿಗೆ, ಕೆಲಸದವಳಿಗೆ, ದನಕ್ಕೆ, ಮನೆಗೆ ಬಂದ ಪರದೇಶಿಗೆ. ಹೆಂಡ್ತಿ ಎಲ್ಲಿದ್ದಾಳೆ? ಪಟ್ಟಿಯಲ್ಲಿ ಹೆಂಡ್ತಿ ಇಲ್ಲ."

"ಬರೆಯೋವಾಗ ಮರೆತಿರ್ಬೇಕು" ಎಂದೆ.

"ದೇವರಿಗೆ ಮರೆವಿಲ್ಲ" ಎಂದರು, ಗಂಭೀರವಾಗಿ.

ನನಗೆ ನಗು ಬಂತು, ಒಪ್ಪಿಕೊಂಡೆ. ಆಗ ನನಗೆ ಮೂವತ್ತೊಂಬತ್ತು, ಮಕ್ಕಳಿಲ್ಲ. ಅವರು ನನ್ನನ್ನು ಏನಾದರೂ ಕೇಳಿಕೊಂಡರೆ ಸಾಕು, ಹಿಗ್ಗುತ್ತಿದ್ದೆ. ಅಲ್ಲೇ ಒಂದು ಚೀಟಿ ಬರೆದು ಕೊಟ್ಟರು: "ಭಾನುವಾರ, 11.30. ದೀಪ ಎಡಗಡೆ ಹಿಡಿ. ಗಾಜಿನ ಮೇಲೆ ಉಸಿರು ಬಿಡಬೇಡ. ಮೂರನೆಯ ದಶಾಂಶ ಬಿಟ್ಟುಬಿಡಬೇಡ. ಯಾರಿಗೂ ಹೇಳಬೇಡ. ಗಿ." ಕೊನೆಗೆ ಹೆಸರಿನ ಮೊದಲ ಅಕ್ಷರ ಅಷ್ಟೇ, ಪ್ರೀತಿಯ ಒಂದು ಮಾತೂ ಇಲ್ಲ, ಆದರೂ ಆ ಚೀಟಿಯನ್ನು ಹಳೆಯ ಚಹಾ ಡಬ್ಬಿಯ ತಳದಲ್ಲಿ ಜೋಪಾನವಾಗಿಟ್ಟಿದ್ದೇನೆ. ನಿನ್ನ ಅಕ್ಕ ಅಂಥ ದಡ್ಡಿ.

ಒಂದು ಭಾನುವಾರ ಅಂದುಕೊಂಡದ್ದು ಅವರು ಹೋಗುವಷ್ಟರಲ್ಲಿ ಹನ್ನೆರಡು ವರ್ಷ ಒಂಬತ್ತು ತಿಂಗಳಾಯಿತು. ಪ್ರತಿ ಭಾನುವಾರ ನನಗೆ ತಲೆನೋವು. ಅವರು ಕರಿಕೋಟು ತೊಟ್ಟು ಚರ್ಚಿಗೆ, ನಾನು ಶಾಲು ಹೊದ್ದು ನೆಲಮಾಳಿಗೆಗೆ. ಅಂಕಿಯನ್ನು ಪೆನ್ಸಿಲಿನಲ್ಲಿ ಬರೆದು ಚಹಾ ಡಬ್ಬಿಗೆ ಹಾಕಬೇಕು. ಅವರು ಅದನ್ನು ಭಾನುವಾರ ಮುಟ್ಟುವುದಿಲ್ಲ. ಸೋಮವಾರ ತಮ್ಮ ಕೈಬರಹದಲ್ಲಿ ಪುಸ್ತಕಕ್ಕೆ ಏರಿಸಿ, ಚೀಟಿಯನ್ನು ಒಲೆಗೆ ಹಾಕುವರು. ಚರ್ಚಿನಿಂದ ಬಂದವರೇ, ಶನಿವಾರ ಮಾಡಿಟ್ಟ ತಣ್ಣನೆಯ ಮಾಂಸದ ಮುಂದೆ ಕೂತು, "ತಲೆನೋವು ಹೇಗಿದೆ?" ಎಂದು ಕೇಳುವರು. "ಇದೆ, ನಿನ್ನೆಗಿಂತ ಒಂಚೂರು ಜಾಸ್ತಿ" ಎಂದರೆ ತಂತಿ ತುಂಡಾಗಿಲ್ಲವೆಂದು ಸಮಾಧಾನ. ನನ್ನ ತಲೆಯಂತೂ ಊರಿನ ಆಸ್ತಿಯಾಯಿತು. ಒಬ್ಬಳು ವಿನಿಗರ್ ಪಟ್ಟಿ ಹಾಕು ಎಂದಳು, ಇನ್ನೊಬ್ಬಳು ಕರ್ಪೂರ ಕಳಿಸಿದಳು. ಮಧ್ಯಾಹ್ನದ ಆರಾಧನೆಗೆ ನಾನು ಗಟ್ಟಿಮುಟ್ಟಾಗಿ ಬಂದು ಕೂತರೆ ಹಿಂದಿನ ಸಾಲಿನಲ್ಲಿ ಕಿಸಕಿಸ ನಗು.

ನಗುವನ್ನು ಸಹಿಸಬಹುದಿತ್ತು. ಆದರೆ ಯೇಸುವಿನ ನೆನಪಿಗೆ ರೊಟ್ಟಿ, ದ್ರಾಕ್ಷಾರಸ ಹಂಚಿಕೊಳ್ಳುವ ಕರ್ತನ ಭೋಜನ ನಡೆಯುವುದು ಬೆಳಗಿನ ಆರಾಧನೆಯಲ್ಲಿ. ಅದಕ್ಕೆ ಯೋಗ್ಯರಾದವರಿಗೆ ಹಿರಿಯರು ಮೊದಲೇ ಸೀಸದ ಬಿಲ್ಲೆ ಹಂಚುತ್ತಾರಲ್ಲ, ಬೆಳಗಿನ ಆರಾಧನೆಗೆ ಬಾರದವಳಿಗೆ ಯಾವ ಬಿಲ್ಲೆ? ಅಮ್ಮ ಸಾಯುವ ತನಕ ತನ್ನ ಬಿಲ್ಲೆಯನ್ನು ಕರವಸ್ತ್ರದ ಗಂಟಿನಲ್ಲಿ ಹೇಗೆ ಹಿಡಿದುಕೊಂಡು ಹೋಗುತ್ತಿದ್ದಳು, ನೋಡಿದ್ದೀಯ. ನಾನು ಹನ್ನೆರಡು ವರ್ಷ ಆ ಮೇಜಿಗೆ ಕೂತಿಲ್ಲ. ಬಿಲ್ಲೆ ಹಂಚುವ ಹಿರಿಯರಲ್ಲಿ ನಿನ್ನ ಭಾವನೂ ಒಬ್ಬರು. ನನ್ನ ಮುಂದೆಯೇ ಪಕ್ಕದ ಮನೆಯವಳಿಗೆ ಕೊಡುತ್ತಿದ್ದರು.

ಇನ್ನು ರಗಳೆಗೆ ಬರುತ್ತೇನೆ. ಅವರ ಅಂಕಿಗಳನ್ನು ಈಗ ಸೇತುವೆ ಕಟ್ಟುವವರೆಲ್ಲ ಮುಂದಿಟ್ಟುಕೊಂಡು ಲೆಕ್ಕ ಹಾಕುತ್ತಾರಂತೆ. ಅದಕ್ಕಾಗಿ ಚರ್ಚಿನ ಗೋಡೆಗೆ ಒಂದು ಸ್ಮಾರಕ ಫಲಕ. ಕೆತ್ತುವವರು ಕಲ್ಲಿನ ವ್ಯಾಪಾರಿ ಬೆಥ್ಯೂನ್, ಅವರೂ ಸಭೆಯ ಹಿರಿಯರೇ. ಅದಕ್ಕೆ ಪರ್ವಿಸ್ ಬರೆದುಕೊಟ್ಟ ವಾಕ್ಯ: "ಹನ್ನೆರಡು ವರ್ಷ, ಒಂದು ದಿನವೂ ತಪ್ಪದೆ, ಸತ್ಯವನ್ನು ಅಳೆದವರು." ಬೆಥ್ಯೂನ್ ಅದನ್ನು ಕೆತ್ತಿ, ಉಜ್ಜಿ, ಹೊಳಪು ಕೊಟ್ಟು, ಅಕ್ಷರಗಳಿಗೆ ಚಿನ್ನದ ಬಣ್ಣ ತುಂಬುವಾಗ 'ಒಂದು ದಿನವೂ' ಎಂಬಲ್ಲಿಗೆ ಬಂದು ಕುಂಚ ಕೆಳಗಿಟ್ಟರಂತೆ. ಕಳೆದ ಗುರುವಾರ ಗಡ್ಡದ ತುಂಬ ಕಲ್ಲಿನ ಪುಡಿ ಮೆತ್ತಿಕೊಂಡು ನಮ್ಮ ಬಾಗಿಲಲ್ಲಿ ನಿಂತಿದ್ದರು. ಒಳಗೆ ಪರ್ವಿಸ್ ರೊಟ್ಟಿ ತಿನ್ನುತ್ತಿದ್ದ.

"ಒಂದ್ ದಿನವೂ ತಪ್ಪದೆ ಅಂದ್ರೆ ಭಾನುವಾರನೂ ಸೇರ್‍ತಲ್ಲ?" ಎಂದರು ಬೆಥ್ಯೂನ್. "ಸಬ್ಬತ್ ಮುರಿದೋರ ಹೆಸ್ರು ದೇವರ ಮನೆ ಗೋಡೆ ಮೇಲೆ ಹಾಕಕ್ಕಾಗಲ್ಲ. ಹಿರಿಯರ ಪಟ್ಟಿಯಿಂದ್ಲೂ ಹೊಡೆದುಹಾಕ್ಬೇಕಾಗುತ್ತೆ."

ಪರ್ವಿಸ್‌ಗೆ ರೊಟ್ಟಿ ಗಂಟಲಲ್ಲೇ ನಿಂತಿತು. "ಅವರು ಭಾನುವಾರ ಚರ್ಚಿನಲ್ಲೇ ಇದ್ರು, ನೀವೇ ನೋಡಿದೀರಲ್ಲ?"

"ಹಾಗಾದ್ರೆ ಭಾನುವಾರದ ಅಂಕಿ ಎಲ್ಲಿಂದ ಬಂತಪ್ಪ?"

"ಸೋಮವಾರ ಅಂದಾಜಿನಲ್ಲಿ ಬರೆದಿದ್ರೆ ಕಥೆ ಮುಗೀತು. ಒಂದು ಅಂಕಿ ಸುಳ್ಳಾದ್ರೆ ಇಡೀ ಪುಸ್ತಕವನ್ನೇ ಯಾರೂ ನಂಬಲ್ಲ" ಎಂದು ಪರ್ವಿಸ್ ತಲೆ ಹಿಡಿದುಕೊಂಡ.

ಅತ್ತ ದರಿ, ಇತ್ತ ಪುಲಿ. ನಿನ್ನ ಭಾವ ಪಾಪಿ, ಇಲ್ಲವೇ ಸುಳ್ಳುಗಾರ. ಇಬ್ಬರೂ ಅರ್ಧ ಗಂಟೆ ವಾದಿಸಿದರು. ಆ ಮನೆಯಲ್ಲಿ ಇನ್ನೂ ಒಬ್ಬಳಿಗೆ ಎರಡು ಕಣ್ಣಿವೆ, ಅಂಕಿ ಓದಲು ಬರುತ್ತದೆ ಎಂದು ಇಬ್ಬರಲ್ಲಿ ಒಬ್ಬನಿಗೂ ಹೊಳೆಯಲಿಲ್ಲ. ಕೊನೆಗೆ ಪರ್ವಿಸ್‌ನ ಮಹಾಬುದ್ಧಿಗೆ ಹೊಳೆದದ್ದು ನಮ್ಮ ಕೆಲಸದವಳು ಎಲ್ಸ್‌ಪೆತ್. ಹಾವೂ ಸಾಯಬೇಕು, ಕೋಲೂ ಮುರಿಯಬಾರದು. ಭಾನುವಾರ ತಂತಿ ನೋಡಿದ್ದು ಕೆಲಸದವಳು ಎಂದುಬಿಟ್ಟರೆ ಹೇಗೆ? ಎಲ್ಸ್‌ಪೆತ್ ಕಲ್ಲಿದ್ದಲಿನ ಬಕೆಟ್ ನೆಲಕ್ಕೆ ಕುಕ್ಕಿದಳು.

"ಕೆಲಸದವಳು ಆ ಪಟ್ಟಿಯಲ್ಲಿದಾಳೆ ಸ್ವಾಮಿ, ನಾನೂ ಬೈಬಲ್ ಕೇಳಿದೀನಿ. ನಂಗೆ ನರಕ, ನಿಮಗೆ ಪುಸ್ತಕನಾ? ಅದಲ್ದೆ ನಂಗೆ ಹತ್ತರ ಮೇಲೆ ಎಣಿಸಕ್ಕೇ ಬರಲ್ಲ."

ನನಗೆ ಸಾಕಾಗಿಹೋಯಿತು. "ನಾನು ನೋಡಿದ್ದು" ಎಂದೆ. ನಂಬಲಿಲ್ಲ. ನೆಲಮಾಳಿಗೆಗೆ ಕರೆದುಕೊಂಡು ಹೋಗಿ, ಇನ್ನೂ ತೂಗುತ್ತಿರುವ ಆ ತಂತಿಯ ಆ ದಿನದ ಅಂಕಿಯನ್ನು ಮೂರನೆಯ ದಶಾಂಶದವರೆಗೆ ಓದಿ ತೋರಿಸಿದೆ. ಪರ್ವಿಸ್ ಎರಡು ಸಲ ಪ್ರಯತ್ನಿಸಿದರೂ ಅವನಿಗೆ ಕಂಡದ್ದು ತನ್ನ ರೆಪ್ಪೆ ಮಾತ್ರ.

ಬೆಥ್ಯೂನ್ ನಿಧಾನವಾಗಿ ಕೇಳಿದರು: "ಪ್ರೊಫೆಸರ್ ಹೇಳಿ ಮಾಡ್ಸಿದ್ರಾ, ನೀವಾಗೇ ಮಾಡಿದ್ರಾ?"

ಹೇಳಿ ಮಾಡಿಸಿದರು ಎಂದರೆ ಫಲಕ ಗೋಡೆ ಏರುವುದಿಲ್ಲ. "ನಾನಾಗೇ. ಅವರು ಬೇಡ ಅಂದ್ರೂ ಕೇಳ್ಲಿಲ್ಲ" ಎಂದೆ.

ಆಗ ಇಬ್ಬರ ಮುಖ ನೋಡಬೇಕಿತ್ತು, ಗ್ರಿಜೆಲ್. ಹಬ್ಬದ ಕಳೆ. ಒಬ್ಬನ ಅಂಕಿ ಉಳಿಯಿತು, ಇನ್ನೊಬ್ಬರ ಕಲ್ಲು ಉಳಿಯಿತು. ಕೈ ಕುಲುಕಿಕೊಂಡರು, ನನ್ನದನ್ನಲ್ಲ, ಒಬ್ಬರದನ್ನೊಬ್ಬರು. ಮೆಟ್ಟಿಲು ಹತ್ತುತ್ತಾ ಬೆಥ್ಯೂನ್ ಹಿಂತಿರುಗಿ, "ನಿಮ್ಮ ವಿಷಯ ಮಾತ್ರ ಹಿರಿಯರ ಮುಂದೆ ಬರುತ್ತೆ, ಮಿಸೆಸ್ ಕಿನಿಯರ್" ಎಂದರು.

ಬಂದಿದೆ. ಬರುವ ಶುಕ್ರವಾರ ಹಿರಿಯರ ಮುಂದೆ ನಿಂತು, ನನ್ನದೇ ಹಠ, ತಪ್ಪಾಯಿತು ಎಂದು ಹೇಳಬೇಕು. ಹೇಳಿದರೆ ಏಪ್ರಿಲ್ ತಿಂಗಳ ಭೋಜನಕ್ಕೆ ಬಿಲ್ಲೆ ಕೊಡುತ್ತಾರೆ. ಇಲ್ಲದಿದ್ದರೆ ಈ ಜನ್ಮಕ್ಕೆ ಇಲ್ಲ. ನಾಲ್ಕು ದಿನ ಹಲ್ಲು ಕಡಿದೆ, ಪಾತ್ರೆ ಕುಕ್ಕಿದೆ. ಈಗ ಹೇಳಿಬಿಡೋಣ ಎನಿಸಿದೆ. ನನಗೂ ಐವತ್ತೆರಡಾಯಿತು, ಅಮ್ಮ ಕೂತ ಮೇಜಿಗೆ ಒಮ್ಮೆ ಕೂತು ಸಾಯಬೇಕು. ನಿನ್ನ ಭಾವ ಹಠಮಾರಿಯಾದರೂ ಕೆಟ್ಟವರಲ್ಲ. ಪಟ್ಟಿಯಲ್ಲಿ ಹೆಂಡತಿ ಇಲ್ಲವೆಂದು ಮನಸಾರೆ ನಂಬಿದ್ದರು. ಅವರ ಲೆಕ್ಕದಲ್ಲಿ ನನಗೆ ಪಾಪವೇ ಅಂಟಿರಲಿಲ್ಲ. ಅದೊಂದು ಸಮಾಧಾನದ ಮೇಲೆ ನಾನು ಇಷ್ಟು ವರ್ಷ ಆ ಮೆಟ್ಟಿಲು ಇಳಿದದ್ದು.

ಮಂಡಿಗೆ ಬಿಸಿ ಉಪ್ಪಿನ ಶಾಖ ಕೊಡು. ಮಕ್ಕಳಿಗೆ, ಮೊಮ್ಮಗುವಿಗೆ ಈ ದೊಡ್ಡಮ್ಮನ ಆಶೀರ್ವಾದ. ನೀವೆಲ್ಲ ಬಹುಕಾಲ ಚೆನ್ನಾಗಿ ಬಾಳಿ, ಅಲ್ಲಿಯ ಬಿಸಿಲಲ್ಲಿ ನನ್ನ ಪಾಲಿನದನ್ನೂ ಕಾಯಿಸಿಕೊಳ್ಳಿ.

ನಿನ್ನ ಅಕ್ಕ,
ಮಾರ್ಜರಿ

ಮ. ವಿ.: ಲಕೋಟೆಗೆ ಅಂಟು ಹಚ್ಚುವಷ್ಟರಲ್ಲಿ ಸಂಜೆಯ ಅಂಚೆ ಬಂತು. ಪರ್ವಿಸ್ ತನ್ನ ಪುಸ್ತಕದ ಒಂದು ಪುಟದ ಕರಡಚ್ಚು ಕಳಿಸಿದ್ದಾನೆ. ನಿನ್ನ ಭಾವನ ದಿನಚರಿಯಲ್ಲಿ ಸಿಕ್ಕ ಸಾಲುಗಳಂತೆ. ನಾನು ಹೇಳಿದ್ದಕ್ಕೆ ಸರಿಯಾಗಿ ತಾಳೆಯಾಗುತ್ತದೆ, ಅವರ ಕೋಮಲ ಹೃದಯವನ್ನೂ ತೋರಿಸುತ್ತದೆ, ಅಚ್ಚು ಹಾಕಲು ಒಪ್ಪಿಗೆ ಕೊಡಿ ಎಂದು ಬರೆದಿದ್ದಾನೆ. ಸಾಲುಗಳು ಇವು: "ನಾನು ಪ್ರಾರ್ಥನೆಯಲ್ಲಿದ್ದಾಗ ಮಾರ್ಜರಿ ನೆಲಮಾಳಿಗೆಗೆ ಇಳಿದಳು. ಸಬ್ಬತ್ ದಿನ ಪಾಪವೆಂದು ತಿಳಿದೂ ಇಳಿದಳು. ಅವಳ ಹಠದ ಮುಂದೆ ನಾನು ಅಸಹಾಯಕ. ಕರ್ತನೇ, ಅವಳನ್ನು ಕ್ಷಮಿಸು."

ತಾರೀಖು 8 ಫೆಬ್ರವರಿ 1880. ಮೊದಲನೆಯ ಭಾನುವಾರ. ಪಟ್ಟಿ ತೋರಿಸಿ ಚೀಟಿ ಬರೆದುಕೊಟ್ಟ ಮಾರನೆಯ ದಿನ.

ಅವರನ್ನು ಉಳಿಸಲು ನಾನು ಗುರುವಾರ ಹೇಳಿದ ಸುಳ್ಳನ್ನು ಅವರು ಹದಿಮೂರು ವರ್ಷದ ಹಿಂದೆಯೇ ದೇವರಿಗೆ ಹೇಳಿ ಮುಗಿಸಿದ್ದರು. ಪಾಪ ಅಂಟುತ್ತದೆ ಎಂದು ಅವರಿಗೆ ಗೊತ್ತಿತ್ತು. ನನಗೆ ಅಂಟಲಿ ಎಂದುಕೊಂಡರು. ಆಮೇಲೆ ಊಟಕ್ಕೆ ಕೂತು, ತಲೆನೋವು ಹೇಗಿದೆ ಎಂದು ಕೇಳಿದರು.

ಪರ್ವಿಸ್‌ಗೆ, ಅಚ್ಚು ಹಾಕಿಕೊಳ್ಳಪ್ಪ ಎಂದು ಬರೆದಿದ್ದೇನೆ. ಶುಕ್ರವಾರ ನಾನು ಹೋಗುವುದಿಲ್ಲ. ತಲೆನೋವು ಎಂದು ಹೇಳಿಕಳಿಸುತ್ತೇನೆ, ಊರು ನಂಬುತ್ತದೆ. ಚಹಾ ಡಬ್ಬಿಯ ತಳದ ಚೀಟಿಯನ್ನು ಇದರೊಳಗೆ ಇಟ್ಟಿದ್ದೇನೆ. ಇಲ್ಲಿದ್ದರೆ ಒಂದು ದಿನ ಬೆಥ್ಯೂನ್‌ಗೆ ತೋರಿಸಿಬಿಡುತ್ತೇನೆ, ಇಲ್ಲವೇ ಒಲೆಗೆ ಹಾಕುತ್ತೇನೆ. ಎರಡೂ ನನ್ನ ಕೈಯಿಂದ ಆಗುವುದು ಬೇಡ. ನಿನ್ನ ಬೈಬಲಿನೊಳಗೆ ಇಟ್ಟುಕೋ, ಯಾರಿಗೂ ತೋರಿಸಬೇಡ. ನಾನಾಗಿ ಇಳಿದದ್ದಲ್ಲ, ನನ್ನನ್ನು ಕೇಳಿಕೊಂಡಿದ್ದರು ಎಂದು ಭೂಮಿಯ ಮೇಲೆ ಒಬ್ಬರಿಗಾದರೂ ಗೊತ್ತಿರಲಿ.