ನಕ್ಷೆಯಿಂದ ನಾನು ಕೆರೆದ ಮೂರು ಊರು

ಯುದ್ಧ ಖಾತೆಯ ಮಾನ್ಯ ಕಾರ್ಯದರ್ಶಿಗಳೇ,

ನದಿಯಾಚೆ ನಮ್ಮ ವಿಮಾನಗಳು ಮೊನ್ನೆ ಬಾಂಬು ಹಾಕಿದ ಜಾಗದಲ್ಲಿ ‘ಜನವಸತಿಯೇ ಇರಲಿಲ್ಲ, ಬೇಕಾದರೆ ನಕ್ಷೆ ನೋಡಿ’ ಎಂದು ಟೀವಿಯಲ್ಲಿ ಕೋಲು ಹಿಡಿದು ತೋರಿಸಿದಿರಿ. ನೋಡಿದೆ. ಆ ನಕ್ಷೆ ಬರೆದವನು ನಾನು. ಅಲ್ಲಿ ಊರಿತ್ತು. ಅಳಿಸಿದವನೂ ನಾನೇ.

ಮೂವತ್ತೊಂದು ವರ್ಷ ನಕ್ಷೆ ಕಚೇರಿಯ ಇಳಿಜಾರು ಮೇಜಿಗೆ ಎದೆಯೊತ್ತಿ ದುಡಿದೆ. ಅಳತೆಗಾರ ಖುದ್ದು ಹೋಗಿ ನೋಡಿ ಬಾರದ ಊರನ್ನು ಹೊಸ ಪ್ರತಿಯಲ್ಲಿ ಕೈಬಿಡುವುದು ನಮ್ಮಲ್ಲಿನ ಪದ್ಧತಿ. ಗಡಿ ಮುಚ್ಚಿದ ವರ್ಷ ಯಾರೂ ಹೋಗಲಿಲ್ಲ. ಮೂರು ಊರನ್ನು ಬ್ಲೇಡಿನಿಂದ ಕೆರೆದು, ಅಂಚಿನಲ್ಲಿ ನನ್ನ ಕಾಲೇಜು ಇಂಗ್ಲಿಷಿನಲ್ಲಿ ‘ನಾಟ್ ವೆರಿಫೈಡ್’, ಅಂದರೆ ಹೋಗಿ ಪರಿಶೀಲಿಸಿಲ್ಲ, ಎಂದು ಬರೆದೆ. ಸ್ಪೆಲ್ಲಿಂಗ್ ಸರಿಯಿತ್ತೋ ಇಲ್ಲವೋ, ದೇವರೇ ಬಲ್ಲ. ತಾವು ಆ ಅಂಚನ್ನೇ ಕತ್ತರಿಸಿ ಎಸೆದು, ಉಳಿದ ನಕ್ಷೆಯನ್ನು ಟೀವಿಗೆ ತಂದಿರಿ. ಗಡಿಯ ಕಲ್ಲುತೂರಾಟವನ್ನು ಎರಡೇ ತಿಂಗಳಲ್ಲಿ ಯುದ್ಧಕ್ಕೇರಿಸಿದ ಕೈಗೆ ಇದೇನು ದೊಡ್ಡದು ಬಿಡಿ! ಆದರೆ ಕತ್ತರಿಗೆ ಮೊದಲು ಬ್ಲೇಡು ಆಡಿತ್ತಲ್ಲ, ಅದಕ್ಕೆ ಯಾರನ್ನು ಬೈಯಲಿ?

ಅವತ್ತು ಮನೆಗೆ ಬಂದು ಹೆಂಡತಿಗೆ ಜಂಬದಿಂದಲೇ ಹೇಳಿದ್ದೆ. ಮೂರರಲ್ಲೊಂದು ಅವಳ ತವರು.

‘ಏನ್ರೀ, ನನ್ನ ತವರನ್ನೇ ಕೆರೆದು ಬಂದ್ರಾ? ಇನ್ನು ಜಗಳ ಆಡಿದ್ರೆ ನಾನು ಹೋಗೋದೆಲ್ಲಿಗೆ?’

‘ರೂಲ್ಸ್ ಅಂದ್ರೆ ರೂಲ್ಸು ಕಣೇ.’

‘ನಿಮ್ಮ ರೂಲ್ಸು ನನ್ನ ತಂಗಿಗೆ ಗೊತ್ತಾ? ಅವಳು ಅಲ್ಲೇ ಇದಾಳಲ್ಲ!’

ಇಬ್ಬರೂ ನಕ್ಕೆವು. ಆಕೆ ತೀರಿಕೊಂಡು ಆರು ವರ್ಷ. ಇದ್ದಿದ್ದರೆ ಯಾವ ಮುಖ ಹೊತ್ತು ಎದುರಿಗೆ ಕೂರುತ್ತಿದ್ದೆ?

ಮೊನ್ನೆ ಸುಟ್ಟದ್ದು ಮೊದಲನೆಯ ಊರು. ‘ಪಕ್ಕದ ಎರಡು ಖಾಲಿ ಪ್ರದೇಶ’ಗಳ ಸರದಿ ಸೋಮವಾರ ಎಂದು ತಾವೇ ಘೋಷಿಸಿದ್ದೀರಿ. ಅದನ್ನು ಕೇಳಿ ಕೂತಿದ್ದಾಗಲೇ ನಾದಿನಿಯ ಫೋನು ಬಂತು. ‘ಭಾವ, ಪಕ್ಕದೂರಿನೋರು ಮಕ್ಕಳುಮರಿ ಕಟ್ಕೊಂಡು ನಮ್ಮ ಜಗಲಿ ಮೇಲೆ ಬಿದ್ಕೊಂಡಿದಾರೆ. ನಿಮ್ಮೋರು ಇಲ್ಲಿಗೂ ಬರ್ತಾರಾ? ನೀವು ಸರ್ಕಾರದಲ್ಲಿದ್ದೋರು, ಗೊತ್ತಿರತ್ತೆ.’

ಗೊತ್ತಿತ್ತು, ಸ್ವಾಮಿ. ಹೇಳಿದರೆ ‘ಯಾಕೆ, ಹೇಗೆ’ ಎಂದು ಕೇಳುತ್ತಾಳೆ, ಬ್ಲೇಡಿನ ಕಥೆ ಬಾಯಿಬಿಡಬೇಕಾಗುತ್ತದೆ. ‘ಬರಲ್ಲಮ್ಮ, ಧೈರ್ಯವಾಗಿರು’ ಎಂದೆ. ಅಂದಿನಿಂದ ಫೋನು ಹೋಗುತ್ತಿಲ್ಲ. ನನ್ನ ಮಾತು ನಂಬಿ ಅವಳು ಅಲ್ಲೇ ಕೂತಿದ್ದಾಳೆ.

ಆದ್ದರಿಂದ ಆಗ್ರಹವಿಷ್ಟೇ. ಕಚೇರಿಯ ಉಗ್ರಾಣದಲ್ಲಿ ಹಳೆಯ ಪ್ರತಿಯಿದೆ, ಮೂರೂ ಊರು ಅದರಲ್ಲಿವೆ. ಸೋಮವಾರಕ್ಕೆ ಮುಂಚೆ ಅದನ್ನು ಟೀವಿಯಲ್ಲಿ ತೋರಿಸಿ, ವಿಮಾನಗಳನ್ನು ತಡೆಯಿರಿ. ತಪ್ಪೆಲ್ಲ ನಕ್ಷೆಗಾರನದು ಎಂದು ಬೇಕಾದರೆ ಹೇಳಿ, ರುಜು ಹಾಕಿಕೊಡುತ್ತೇನೆ. ನಾನು ಸುಳ್ಳುಗಾರನಾಗಿಯೇ ಸಾಯುವೆ; ನಾದಿನಿಗೆ ‘ಬರಲ್ಲಮ್ಮ’ ಎಂದ ಆ ಒಂದು ಸುಳ್ಳನ್ನು ಮಾತ್ರ ನಿಜ ಮಾಡಿಕೊಡಿ.

ಇಂತಿ,
ತಮ್ಮಷ್ಟೇ ತಪ್ಪಿತಸ್ಥ, ಆದರೆ ಪಿಂಚಣಿ ಮಾತ್ರ ಕಮ್ಮಿ,
ಒಬ್ಬ ನಿವೃತ್ತ ನಕ್ಷೆಗಾರ